ಎಡಗೈಯ ಅಡುಗೆಮನೆ

ಸಿನಿಮಾದಲ್ಲಿ ನಿನ್ನ ಕೆಲಸ ಏನು ಎಂದು ನಮ್ಮ ಅಪ್ಪ ಕೊನೆಯ ತನಕ ಕೇಳುತ್ತಲೇ ಇದ್ದರು. ಕಲಾ ನಿರ್ದೇಶನ ಎಂದರೆ ಅವರಿಗೆ ತಿಳಿಯುತ್ತಿರಲಿಲ್ಲ. ತಿಳಿದರೂ ತಿಳಿಯದವರ ಹಾಗೆ ಇರುವುದು ಅವರ ಹಟ. ಒಮ್ಮೆ ನಾನು ಬೇಸತ್ತು, "ಹೊಸಾ ಗ್ವಾಡಿ ಹಳೇದು ಕಾಣೂಹಂಗ ಮಾಡೋದು" ಎಂದೆ. ಅವರು ಪಂಚಾಂಗದಿಂದ ತಲೆ ಎತ್ತದೆ, "ಅದಕ್ಕ ಅಷ್ಟು ದೂರ ಯಾಕ ಹೋಗ್ತೀಯೋ? ನಮ್ಮನಿ ಗ್ವಾಡಿ ಹೆಂಗೂ ಹಳೇದದ. ಇಲ್ಲೇ ಕೂಡು" ಎಂದರು.

ನಮ್ಮದು ರಾಯಚೂರಿನ ಕೋಟೆ ಕಡೆಯ ಓಣಿಯ ಹಳೆಯ ಮನೆ. ಅಪ್ಪ ಗುಡಿಯ ಪೂಜೆ ಮಾಡಿಕೊಂಡು, ಮನೆಗೆ ಬಂದವರಿಗೆ ಸಂಸ್ಕೃತ ಹೇಳಿಕೊಂಡು ಇದ್ದವರು. ಅಡುಗೆಮನೆ ಅಜ್ಜಿಯ ರಾಜ್ಯ. ಮಡಿ, ಮುಸುರೆ, ಯಾವ ಪಾತ್ರೆ ಎಲ್ಲಿ, ಯಾವ ಕೈ ಯಾವುದಕ್ಕೆ, ಎಲ್ಲಕ್ಕೂ ಅಲ್ಲಿ ಕಾಯಿದೆ ಇತ್ತು. ಊಟಕ್ಕೆ ಕೂತಾಗ ಎಡಗೈ ಮಡಿಲು ಬಿಟ್ಟು ಮೇಲೆದ್ದರೆ ಸೌಟಿನ ಏಟು ಖಾತ್ರಿ. ಆ ಏಟುಗಳಿಂದಲೇ ನನಗೆ ಯಾರ ಮನೆಯಲ್ಲಿ ಯಾವ ವಸ್ತು ಎಲ್ಲಿದೆ ಎಂದು ನೋಡುವ ಚಟ ಹತ್ತಿತೋ ಏನೋ. ಇನ್ನೊಬ್ಬರ ಮನೆಗೆ ಹೋದರೆ ಮಂದಿಯ ಮುಖಕ್ಕಿಂತ ಮೊದಲು ಗೋಡೆಯ ಗೂಡು, ಗಿಳಿಗೂಟ, ಒಲೆಯ ಮಸಿ ಕಾಣುತ್ತಿದ್ದವು. ಈ ಚಟ ಇವತ್ತಿಗೂ ಬಿಟ್ಟಿಲ್ಲ.

ಓದು ತಲೆಗೆ ಹತ್ತಲಿಲ್ಲ, ಕುಂಚ ಕೈಗೆ ಹತ್ತಿತು. ರಾಯಚೂರಿಗೆ ನಾಟಕ ಕಂಪನಿಗಳು ಬಂದು ಕ್ಯಾಂಪ್ ಹಾಕಿದಾಗ ಅವರ ಪರದೆಗಳಿಗೆ ಬಣ್ಣ ಹಚ್ಚುತ್ತಿದ್ದೆ. ಅರಮನೆ, ಕಾಡು, ಬೀದಿ ಇಷ್ಟು ಪರದೆ ಇದ್ದರೆ ಯಾವ ನಾಟಕವಾದರೂ ನಡೆದುಹೋಗುತ್ತಿತ್ತು. ಕಂಪನಿ ಇಲ್ಲದ ದಿನಗಳಲ್ಲಿ ಟಾಕೀಸುಗಳಿಗೆ ಬೋರ್ಡು ಬರೆಯುತ್ತಿದ್ದೆ. ಮಾನ್ವಿಯ ಟಾಕೀಸಿನ ಮಾಲೀಕರು ನಾನು ಬರೆದ ನಾಯಕಿಯರನ್ನು ನೋಡಿ, "ಎಲ್ಲಾರೂ ನಿಮ್ಮ ಓಣಿ ಹೆಣ್ಮಕ್ಕಳಂಗ ಕಾಣ್ತಾರಲ್ರೀ" ಎಂದು ಕಾಡುತ್ತಿದ್ದರು. ಮಾತು ನಿಜವೇ ಆಗಿತ್ತು. ಬೇರೆ ಹೆಣ್ಣುಮಕ್ಕಳನ್ನು ನಾನಾದರೂ ಎಲ್ಲಿ ನೋಡಿದ್ದೆ?

ಎಪ್ಪತ್ತರ ದಶಕದ ನಡುವಿನಲ್ಲಿ ಹೊಸ ನಮೂನೆಯ ಸಿನಿಮಾ ಮಾಡುವವರು ನಮ್ಮ ಕಡೆಗೂ ಬರತೊಡಗಿದರು. ಹಾಡಿಲ್ಲದ, ಹೊಡೆದಾಟವಿಲ್ಲದ, ಎಷ್ಟೋ ಸಲ ಮಾತೂ ಇಲ್ಲದ ಸಿನಿಮಾ. ಅವರಿಗೆ ಸ್ಟುಡಿಯೋ ಬೇಡ, ನಿಜವಾದ ಮನೆ ಬೇಕು. ಆಮೇಲೆ ಆ ನಿಜವಾದ ಮನೆಯನ್ನು ಇನ್ನಷ್ಟು ನಿಜ ಮಾಡಲು ಒಬ್ಬ ಮನುಷ್ಯ ಬೇಕು. ಆ ಮನುಷ್ಯ ನಾನಾದೆ. ಹೆಸರಿಗೆ ಕಲಾ ನಿರ್ದೇಶಕ. ಮಾಡುತ್ತಿದ್ದುದು ಬಡಗಿಯ ಕೆಲಸ, ಸುಣ್ಣ ಬಳಿಯುವವನ ಕೆಲಸ, ಮನೆಮನೆಗೆ ಹೋಗಿ ಒಂದು ಕೌದಿ ಕೊಡ್ರಿ, ಒಂದು ಕಂದೀಲು ಕೊಡ್ರಿ ಎಂದು ಬೇಡುವ ಕೆಲಸ. ಹೊಸ ಸೀರೆಯನ್ನು ಚಹಾದ ನೀರಿನಲ್ಲಿ ಅದ್ದಿ, ಕಲ್ಲಿಗೆ ತಿಕ್ಕಿ, ಬಿಸಿಲಿಗೆ ಹಾಕಿ ಹಳೆಯದು ಮಾಡುತ್ತಿದ್ದೆ. ಮುಂದೆ ಶಕ್ತಿನಗರದಲ್ಲಿ ವಿದ್ಯುತ್ ಸ್ಥಾವರ ಎದ್ದಾಗ ಯಂತ್ರ ತುಂಬಿ ತಂದ ಪೆಟ್ಟಿಗೆಗಳ ಕಟ್ಟಿಗೆ ಅಗ್ಗಕ್ಕೆ ಸಿಗುತ್ತಿತ್ತು. ಎಂಬತ್ತರ ದಶಕದ ಸಿನಿಮಾಗಳಲ್ಲಿ ಗೌಡರ ವಾಡೆಯ ಬಾಗಿಲೆಂದು ಮೆರೆದ ಎಷ್ಟೋ ಬಾಗಿಲು ಆ ಪೆಟ್ಟಿಗೆಗಳವೇ.

ಹೀಗೆ ಕಟ್ಟಿದ ಮನೆಗಳನ್ನು ಕೆಲಸ ಮುಗಿದ ಮೇಲೆ ಬಿಚ್ಚಿ ಹಾಕುತ್ತಿದ್ದೆವು. ಅವು ಯಾವುವೂ ನನ್ನ ಬೆನ್ನು ಹತ್ತಲಿಲ್ಲ. ಬೆನ್ನು ಹತ್ತಿದ್ದು ನಾನು ಕಟ್ಟದ ಒಂದು ಮನೆ.

ಅದು ಇದ್ದದ್ದು ದೇವದುರ್ಗ ತಾಲೂಕಿನಲ್ಲಿ, ಜಾಲಹಳ್ಳಿಯಿಂದ ಒಳಕ್ಕೆ ಹೋದರೆ ಸಿಗುವ ಒಂದು ಹಳ್ಳಿಯಲ್ಲಿ. ಎಪ್ಪತ್ತರ ದಶಕ ಮುಗಿಯುತ್ತ ಬಂದಿತ್ತು. ಸಂಕ್ರಾಂತಿ ಆಗಿತ್ತು, ಯುಗಾದಿ ಇನ್ನೂ ದೂರ. ನಾವು ಮಾಡಹೊರಟ ಸಿನಿಮಾದ ಕತೆ ಇಷ್ಟೇ: ಗಂಡ ಊರು ಬಿಟ್ಟು ಹೋದ ಹೆಣ್ಣುಮಗಳೊಬ್ಬಳು ಒಬ್ಬಳೇ ಬದುಕುತ್ತಾಳೆ, ವರ್ಷಗಳಾದ ಮೇಲೆ ಅವನು ತಿರುಗಿ ಬರುತ್ತಾನೆ, ಆಕೆ ಒಂದು ಮಾತೂ ಆಡದೆ ಅವನಿಗೆ ಊಟ ಬಡಿಸುತ್ತಾಳೆ. ಆ ಬಡಿಸುವುದರಲ್ಲೇ ಸಿನಿಮಾದ ಜೀವ ಇದೆ ಎನ್ನುತ್ತಿದ್ದರು ನಿರ್ದೇಶಕರು. ಅವರು ದೂರದ ಊರಲ್ಲಿ ಸಿನಿಮಾ ಓದಿ ಬಂದವರು, ಒಳ್ಳೆಯ ಮನುಷ್ಯ, ಬೀಡಿ ಸೇದುತ್ತ ಗಂಟೆಗಟ್ಟಲೆ ಗೋಡೆ ನೋಡುವವರು. ಅವರಿಗೆ ಕಲ್ಲಿನ ಗೋಡೆಯ, ಮಣ್ಣಿನ ಮಾಳಿಗೆಯ, ಅಡುಗೆಮನೆಗೆ ಮೇಲಿನಿಂದ ಬೆಳಕು ಬೀಳುವ ಒಂದು ಮನೆ ಬೇಕಿತ್ತು. ಊರಲ್ಲಿ ಅಂಥವು ಬೇಕಾದಷ್ಟಿದ್ದವು. ಆದರೆ ಎಲ್ಲದರಲ್ಲೂ ಮಂದಿ ಇದ್ದರು, ದನ ಇದ್ದವು, ಬಾಣಂತಿಯರಿದ್ದರು. ಖಾಲಿ ಇದ್ದದ್ದು ಒಂದೇ.

ಅದರ ಬಾಗಿಲಿಗೆ ಜಾಲಿ ಮುಳ್ಳಿನ ಟೊಂಗೆ ಅಡ್ಡ ಕಟ್ಟಿತ್ತು. ಆ ಮನೆಯ ಹೆಣ್ಣುಮಗಳು ದೀಪಾವಳಿಯಾದ ಮೇಲೆ ತೀರಿಹೋಗಿದ್ದಳು, ಹೋದ ನಕ್ಷತ್ರ ಒಳ್ಳೆಯದಿರಲಿಲ್ಲ. ಪಂಚಕದ ನಕ್ಷತ್ರದಲ್ಲಿ ಸಾವಾದರೆ ಮನೆಯವರು ಕೆಲವು ತಿಂಗಳು ಮನೆ ಬಿಟ್ಟು ಇರಬೇಕು, ಅದಕ್ಕೂ ಮೊದಲೇ ಒಳಗೆ ಕಾಲಿಟ್ಟರೆ ಹೋದವರು ಇನ್ನೊಂದು ಜೀವವನ್ನು ಜೊತೆಗೆ ಕರೆಯುತ್ತಾರೆ ಎಂದು ನಮ್ಮ ಕಡೆಯ ನಂಬಿಕೆ. ಹಾಗಾಗಿ ಅವರು ಹೆಣ ಎತ್ತಿದ ದಿನವೇ ಉಟ್ಟ ಬಟ್ಟೆಯಲ್ಲಿ ಹೊರಬಿದ್ದಿದ್ದರು. ಆಕೆಯ ಗಂಡ ಎದುರಿನ ದನದ ಕೊಟ್ಟಿಗೆಯಲ್ಲಿದ್ದ. ಮಾನ್ವಿಗೆ ಕೊಟ್ಟ ಮಗಳು ಅಪ್ಪನಿಗೆ ರೊಟ್ಟಿ ಮಾಡಿ ಹಾಕಲು ಬಂದು ಅಲ್ಲೇ ಉಳಿದಿದ್ದಳು. ಯುಗಾದಿಗೆ ಶಾಂತಿ ಮಾಡಿಸಿ ಒಳಗೆ ಹೋಗುವುದು ಎಂದು ಊರ ಹಿರಿಯರು ಹೇಳಿದ್ದರು.

ಅಂಥ ಮನೆಯನ್ನು ಸಿನಿಮಾಕ್ಕೆ ಕೊಡಿ ಎಂದು ಕೇಳಲು ನಮಗೇ ನಾಲಿಗೆ ಏಳಲಿಲ್ಲ. ಕೊನೆಗೆ ನಾನೇ ಕೇಳಿದೆ. ಆಕೆಯ ಗಂಡ ಆ ಬಾಗಿಲ ಕಡೆ ತಿರುಗಿದ.

"ನಮಗ ಒಳಗ ಹೋಗಾಕ ಬರಂಗಿಲ್ಲರೀ. ನೀವು ಹೊರಗಿನವರು, ನಿಮಗೇನೂ ಆಗಂಗಿಲ್ಲ. ಹೋಗ್ರಿ. ಸಂಜಿಮುಂದ ಒಂದು ದೀಪ ಹಚ್ಚಿ ಬರ್ರಿ, ಅಷ್ಟ ಸಾಕು. ಮನಿ ಕತ್ತಲಾಗಿ ಬಾಳ ದಿನ ಆತು."

ಬಾಡಿಗೆಯ ಮಾತು ಎತ್ತಿದರೆ ಬೇಡವೆಂದು ಕೈ ಅಲ್ಲಾಡಿಸಿದ. ಮಗಳು ಕೊಟ್ಟಿಗೆಯ ಬಾಗಿಲಲ್ಲಿ ನಿಂತಿದ್ದಳು.

ಮುಳ್ಳು ಸರಿಸಿ ಮೊದಲು ಒಳಗೆ ಹೋದವನು ನಾನು. ಒಲೆಯಲ್ಲಿ ಅರ್ಧ ಸುಟ್ಟ ಕಟ್ಟಿಗೆ ಹಾಗೇ ಇತ್ತು. ರೊಟ್ಟಿಯ ಹಂಚಿನ ಮೇಲೆ ಧೂಳು. ಬೀಸುಕಲ್ಲಿನ ಸುತ್ತ ಬಿದ್ದ ಹಿಟ್ಟನ್ನು ಇರುವೆಗಳು ತಿಂದು ಮುಗಿಸಿ ಹೋಗಿದ್ದವು. ಗಿಳಿಗೂಟಕ್ಕೆ ಒಂದು ಕುಪ್ಪಸ ನೇತಾಡುತ್ತಿತ್ತು, ಅದರ ತೋಳುಗಳು ಇನ್ನೂ ದುಂಡಗೇ ಇದ್ದವು. ನಾನು ಹಗಲೆಲ್ಲ ಒದ್ದಾಡಿ ತರುವ ಹಳೆತನ ಅಲ್ಲಿ ತಾನಾಗಿಯೇ ಬಂದು ಕೂತಿತ್ತು. ಕಸುಬಿನವನಾಗಿ ನನಗೆ ಖುಷಿಯಾಗಬೇಕಿತ್ತು. ಆಗಲಿಲ್ಲ. ಯಾರೋ ಉಣ್ಣುವಾಗ ಕೇಳದೆ ಒಳಗೆ ನುಗ್ಗಿದ ಹಾಗೆ ನಾಚಿಕೆಯಾಯಿತು.

ಆದರೂ ಕೆಲಸ ಕೆಲಸವೇ. ನಮ್ಮ ನಟಿ ಹುಬ್ಬಳ್ಳಿ ಕಡೆಯ ರಂಗಭೂಮಿಯವರು. ಆ ಅಡುಗೆಮನೆಯಲ್ಲಿ ಅವರಿಗೆ ಒಂದೂ ಕೈಗೆ ಸಿಗುತ್ತಿರಲಿಲ್ಲ. ನೀರಿನ ಕೊಡ ಒಲೆಯ ಎಡಕ್ಕೆ, ಹಿಟ್ಟಿನ ಡಬ್ಬಿ ಎಡಕ್ಕೆ, ಉಪ್ಪಿನ ಗಡಿಗೆ ಎಡಗಡೆಯ ಗೂಡಿನಲ್ಲಿ. ಸಾವಿನ ಗಡಿಬಿಡಿಯಲ್ಲಿ ಯಾರೋ ಹೇಗೆ ಬೇಕೋ ಹಾಗೆ ಇಟ್ಟಿದ್ದಾರೆ ಅಂದುಕೊಂಡು ನಾನು ಎಲ್ಲವನ್ನೂ ಬಲಕ್ಕೆ ತಂದೆ. ಒಂದೆರಡು ಶಾಟ್ ತೆಗೆದೆವು. ಸಂಜೆ ಕೊಟ್ಟ ಮಾತಿನಂತೆ ದೀಪ ಹಚ್ಚಿ, ಮುಳ್ಳು ಅಡ್ಡ ಕಟ್ಟಿ, ಜಾಲಹಳ್ಳಿಯ ಬಿಡಾರಕ್ಕೆ ಹೋದೆವು.

ಮರುದಿನ ಬಂದು ನೋಡಿದರೆ ಕೊಡ ಎಡಕ್ಕೆ ಹೋಗಿತ್ತು. ಡಬ್ಬಿಯೂ ಹೋಗಿತ್ತು, ಉಪ್ಪೂ ಹೋಗಿತ್ತು.

ನಿನ್ನೆಯ ಶಾಟಿನಲ್ಲಿ ಬಲಕ್ಕಿದ್ದ ಕೊಡ ಇವತ್ತಿನ ಶಾಟಿನಲ್ಲಿ ಎಡಕ್ಕಿದ್ದರೆ ಪರದೆಯ ಮೇಲೆ ಅದು ಹಾರಿದ ಹಾಗೆ ಕಾಣುತ್ತದೆ. ಅದನ್ನು ಕಾಯುವುದೇ ನನ್ನ ಕೆಲಸ. ನಿರ್ದೇಶಕರು ಕೂಗಾಡಿದರು, ಮುಟ್ಟಿದ್ದು ನಾನು ಎಂದು ಯಾರೂ ಒಪ್ಪಲಿಲ್ಲ. ಮತ್ತೆ ಬಲಕ್ಕಿಟ್ಟೆ, ಮರುದಿನ ಮತ್ತೆ ಎಡಕ್ಕಿತ್ತು. ಲೈಟಿನವನು ಹೊಸ್ತಿಲ ಹೊರಗೆ ಕೂತುಬಿಟ್ಟ. "ನಾ ಹೆಂಡ್ರು ಮಕ್ಕಳಿರಾವ ರೀ. ಆಕಿ ಮನಿ ಆಕಿ ನಡಸಾಕತ್ಯಾಳ, ನಡುವ ನಾವ್ಯಾಕ?" ಎಂದ. ನಟಿ ಒಲೆಯ ಮುಂದೆ ಕೂರುವ ಮೊದಲು ಕೈಮುಗಿಯತೊಡಗಿದರು. ನಾನು ಭಾರೀ ಧೈರ್ಯವಂತನಂತೆ ಎಲ್ಲರನ್ನೂ ಗೇಲಿ ಮಾಡಿದೆ. ಒಬ್ಬನೇ ಒಳಗಿದ್ದಾಗ ಮಾತ್ರ ಆ ಕುಪ್ಪಸಕ್ಕೆ ಬೆನ್ನು ಮಾಡಿ ನಿಲ್ಲುತ್ತಿರಲಿಲ್ಲ.

ಹೆದರಿಕೆಗಿಂತ ಸಿಟ್ಟು ದೊಡ್ಡದು ನನಗೆ. ಒಂದು ಮಧ್ಯಾಹ್ನ ಎಲ್ಲರೂ ಊಟಕ್ಕೆ ಹೋದಾಗ ಅಡುಗೆಮನೆಯಲ್ಲಿ ಕೂತು ಸುಮ್ಮನೆ ನೋಡಿದೆ. ಬೀಸುಕಲ್ಲು ಮೂಲೆಯಲ್ಲಿತ್ತು, ಅದರ ಬಲಕ್ಕೆ ಗೋಡೆ. ಅಲ್ಲಿ ಕೂತು ಬಲಗೈಯಿಂದ ಬೀಸಿದರೆ ಮೊಣಕೈ ಗೋಡೆಗೆ ಬಡಿಯುತ್ತದೆ. ಬಾಗಿಲ ಚೌಕಟ್ಟಿನಲ್ಲಿ ಎಡಗಡೆ ಮಾತ್ರ ಕೈ ಹಿಡಿದು ಹಿಡಿದು ಕಟ್ಟಿಗೆ ನುಣುಪಾಗಿತ್ತು. ಜೋಳದ ಕಣಜದ ಮೇಲೆ ಹಬ್ಬಕ್ಕೆ ಅಂಗೈ ಸುಣ್ಣದಲ್ಲಿ ಅದ್ದಿ ಒತ್ತಿದ ಗುರುತುಗಳಿದ್ದವು, ಸಾಲಾಗಿ. ಅವುಗಳ ಹೆಬ್ಬೆರಳುಗಳೆಲ್ಲ ಬಲಕ್ಕೆ ಚಾಚಿದ್ದವು. ನನ್ನ ಬಲಗೈ ಇಟ್ಟು ನೋಡಿದೆ, ಕೂಡಲಿಲ್ಲ. ಎಡಗೈ ಇಟ್ಟೆ, ಕೂತಿತು. ಆಕೆಯದು ಸಣ್ಣ ಕೈ. ನನ್ನ ಬೆರಳ ತುದಿಗಳು ಸುಣ್ಣದಿಂದ ಹೊರಗೆ ಉಳಿದವು. ಕಣಜದ ಮೈ ಬೆಚ್ಚಗಿತ್ತು. ಮಾಳಿಗೆಯ ಬಿಸಿಲು ಅದು ಎಂದು ನನಗೆ ನಾನೇ ಹೇಳಿಕೊಂಡು ಕೈ ತೆಗೆದೆ.

ಆ ಮನೆಯಾಕೆ ಎಡಚಿ. ಅಲ್ಲಿ ಯಾವುದೂ ಅಡ್ಡಾದಿಡ್ಡಿ ಇರಲಿಲ್ಲ, ಎಲ್ಲವೂ ಆಕೆಯ ಕೈಗೆ ಸರಿಯಾಗಿತ್ತು. ತಲೆಕೆಳಗು ಮಾಡಿದವನು ನಾನು.

ಮರುದಿನ ಸೀರೆ ನೆನೆಹಾಕುವ ಕೆಲಸವಿತ್ತೆಂದು ಬೇರೆಯವರಿಗಿಂತ ಮೊದಲೇ, ಬೆಳಕು ಹರಿಯುವ ಹೊತ್ತಿಗೆ ಬಂದೆ. ಹಿತ್ತಿಲ ಬಾಗಿಲಿನಿಂದ ಮಗಳು ಹೊರಗೆ ಬರುತ್ತಿದ್ದಳು. ನನ್ನನ್ನು ನೋಡಿ ಅಲ್ಲೇ ನಿಂತಳು.

"ಯಣ್ಣಾ, ಯಾರ ಮುಂದೂ ಹೇಳಬ್ಯಾಡ್ರಿ. ನಮ್ಮಪ್ಪಗ ಗೊತ್ತಾದ್ರ ಎದಿ ಒಡಕೊಂಡು ಸಾಯ್ತಾನ. ಊರಾಗ ಗೊತ್ತಾದ್ರ ಮನಿ ಮತ್ತ ಮುಚ್ಚಸ್ತಾರ."

"ಗೊತ್ತಿದ್ದೂ ಯಾಕ ಹೋಗ್ತಿ ತಂಗೀ?"

"ಹೋದವರು ದಿನಾ ನಸುಕಿನ್ಯಾಗ ಮನಿಗೆ ಬರ್ತಾರಂತ. ಬಂದು ತಮ್ಮವೆಲ್ಲಾ ನೋಡಿಕೊಂಡು ಹೋಗ್ತಾರಂತ. ನೀವು ನೋಡಿದ್ರ ಎಲ್ಲಾ ಆ ಕಡಿಗೆ ಇಟ್ಟುಬಿಟ್ರಿ. ನಮ್ಮವ್ವಗ ಕೈಗೆ ಸಿಗಬೇಕಲ್ರೀ?"

"ನಿಮ್ಮವ್ವ ಎಡಚಿ, ಹೌದಿಲ್ಲೋ?"

ಆಕೆ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕುಸಿದು ಕೂತಳು. ಅವ್ವ ಸತ್ತಾಗ ಅತ್ತಳೋ ಇಲ್ಲವೋ ನನಗೆ ತಿಳಿಯದು, ಆಗ ಅತ್ತಳು.

"ಎಡಚಿ ಅಂತ ಎಲ್ಲಾರೂ ಆಡಿಕೋತಿದ್ರು. ನನ್ನ ಮದವಿ ದಿನ ಬೀಗರು ಎಡಗೈಲೆ ಬಡಸಿದ್ರ ಉಣ್ಣಂಗಿಲ್ಲ ಅಂದ್ರು. ನಮ್ಮತ್ತಿ ನನ್ನ ಕಿವ್ಯಾಗ ಹೇಳಿದ್ಲು. ನಾನ ಅವ್ವನ ಹಂತ್ಯಾಕ ಹೋಗಿ, ಯವ್ವಾ, ಇವತ್ತೊಂದಿನ ನೀ ಹೊರಗ ಬರಬ್ಯಾಡ ಅಂದೆ. ಆತವ್ವಾ ಅಂದ್ಲು. ಅಷ್ಟು ಮಂದಿಗೆ ಅಡಗಿ ಮಾಡಿದಾಕಿ ಯಾರ ತಾಟಿಗೂ ಒಂದು ತುತ್ತು ಹಾಕಲಿಲ್ಲ. ಬಾಗಲ ಸಂದ್ಯಾಗಿಂದ ನೋಡಿದ್ಲು. ನನಗೂ ಬಡಸಲಿಲ್ಲ." ಸೆರಗಿನಿಂದ ಮುಖ ಒರೆಸಿಕೊಂಡಳು. "ಆಕಿ ಮನ್ಯಾಗರ ಆಕಿ ಕೈ ಆಡಲಿ, ಯಣ್ಣಾ. ನಾ ಮತ್ತೇನು ಕೇಳಾಕತ್ತಿಲ್ಲ."

ನೀನು ಒಳಗೆ ಬರಬೇಡ, ದಿನಾ ಸಂಜೆ ನಾನೇ ಎಲ್ಲವನ್ನೂ ಅವ್ವನ ಜಾಗಕ್ಕೆ ಇಟ್ಟು ಹೋಗುತ್ತೇನೆ ಎಂದೆ. ನಿಮಗ ಹೆಂಗ ತಿಳೀತದ ಎಂದಳು. ನಾನು ಒಂದೊಂದಾಗಿ ಹೇಳಿದೆ: ಕೊಡ ಎಲ್ಲಿ, ಡಬ್ಬಿ ಎಲ್ಲಿ, ಹಂಚು ಒರಗಿಸುವುದು ಯಾವ ಕಡೆ. ಆಕೆ ಗಮನ ಕೊಟ್ಟು ಕೇಳಿ, "ಉಪ್ಪಿನ ಗಡಗಿ ಬಾಯಿ ಗ್ವಾಡಿ ಕಡಿ ಇರಬೇಕು" ಎಂದು ತಿದ್ದಿದಳು. ಸಿನಿಮಾದವರಿಗೆ, ಅಳತೆ ನೋಡಲು ನಾನೇ ಸರಿಸುತ್ತಿದ್ದೆ ಎಂದು ಹೇಳಿ ಬೈಸಿಕೊಂಡೆ. ಲೈಟಿನವನು ನಂಬಲಿಲ್ಲ, ಆದರೆ ಒಳಗೆ ಬಂದ.

ಅವತ್ತಿನಿಂದ ನನ್ನ ಸಂಜೆಗಳು ಬೇರೆಯಾದವು. ಎಲ್ಲರೂ ಸಾಮಾನು ಕಟ್ಟಿ ಹೊರಗೆ ಹೋದ ಮೇಲೆ ನಾನು ಒಬ್ಬನೇ ದೀಪ ಹಚ್ಚಿ, ಕೊಡ ಎತ್ತಿ ಎಡಕ್ಕಿಡುತ್ತಿದ್ದೆ, ಗಡಿಗೆಯ ಬಾಯಿ ಗೋಡೆಗೆ ತಿರುಗಿಸುತ್ತಿದ್ದೆ. ಸಿನಿಮಾಕ್ಕೆ ಸಾಮಾನು ಜೋಡಿಸುವಾಗ ಕ್ಯಾಮರಾ ಎಲ್ಲಿಂದ ನೋಡುತ್ತದೆ ಎಂದು ಯೋಚಿಸುತ್ತೇವೆ. ಇಲ್ಲಿ ಕ್ಯಾಮರಾ ಇರಲಿಲ್ಲ. ಯಾರೋ ಒಲೆಯ ಮುಂದೆ ಕೂರುತ್ತಾರೆ, ಅವರ ಕೈ ಎಲ್ಲಿಯ ತನಕ ಚಾಚುತ್ತದೆ ಎಂದು ಯೋಚಿಸಬೇಕಿತ್ತು. ಯೋಚಿಸುತ್ತ ಯೋಚಿಸುತ್ತ ಆ ಕೈ ನನಗೆ ಚೆನ್ನಾಗಿ ಪರಿಚಯವಾಯಿತು. ಬೆಳಿಗ್ಗೆ ಬಿಡಾರದಲ್ಲಿ ಹಲ್ಲುಜ್ಜಲು ಎಡಗೈಯಲ್ಲಿ ಬೇವಿನಕಡ್ಡಿ ಹಿಡಿದಿದ್ದನ್ನು ನೋಡಿ ನಾನೇ ಬೆಚ್ಚಿದೆ.

ಒಂದು ದಿನ ಕಂದೀಲಿನ ಗಾಜು ಒಡೆಯಿತು. ಅಂಥದೇ ಹಳೆಯ ಕಂದೀಲು ಹುಡುಕಲು ಮಧ್ಯಾಹ್ನ ದೇವದುರ್ಗಕ್ಕೆ ಹೋದೆ. ತಿರುಗಿ ಬರುವ ಬಸ್ಸು ತಪ್ಪಿತು, ಅಲ್ಲೇ ಪರಿಚಯದವರ ಮನೆಯಲ್ಲಿ ಉಳಿದೆ. ಮನಸ್ಸಿಗೆ ಸಮಾಧಾನವಿರಲಿಲ್ಲ. ಅವತ್ತು ಅಡುಗೆಮನೆಯನ್ನು ಹಾಗೇ ಬಲಕ್ಕೆ ಬಿಟ್ಟು ಬಂದಿದ್ದೆನಲ್ಲ. ಮರುದಿನ ಮೊದಲ ಬಸ್ಸಿಗೆ ಬಂದು ಓಡಿ ಒಳಗೆ ಹೋದರೆ, ಎಲ್ಲವೂ ಎಡಕ್ಕಿತ್ತು. ಗಡಿಗೆಯ ಬಾಯಿ ಗೋಡೆಯ ಕಡೆ ಇತ್ತು. ಮಗಳು ಮಾತು ತಪ್ಪಿದಳು ಎಂದು ಕೊಟ್ಟಿಗೆಗೆ ಹೋದೆ. ಕೊಟ್ಟಿಗೆಯಲ್ಲಿ ಯಾರೂ ಇರಲಿಲ್ಲ. ಅಪ್ಪ ಮಗಳು ಇಬ್ಬರೂ ನಿನ್ನೆ ಬೆಳಿಗ್ಗೆಯೇ ನೀರಮಾನ್ವಿಯ ಎಲ್ಲಮ್ಮನ ಗುಡಿಗೆ ಹೋಗಿದ್ದಾರೆ, ಇನ್ನೂ ಬಂದಿಲ್ಲ ಎಂದರು ಪಕ್ಕದ ಮನೆಯವರು.

ಧಾರವಾಡದ ನಮ್ಮ ಕ್ಯಾಮರಾಮನ್ ನನ್ನ ಮುಖ ನೋಡಿ ನಕ್ಕರು. "ಯಾಕ ಹಿಂಗ ಗಾಬರಿ ಆಗಾಕತ್ತೀರಿ? ನೀವ ಇಟ್ಟು ಹೋದ್ರಲ್ರೀ. ಬಸ್ಸಿಗೆ ಹೋಗೂ ಮುಂದ ಒಳಗ ಬಂದ್ರಿ, ನಾ ಇಲ್ಲೇ ಲೆನ್ಸ್ ಒರಸಾಕತ್ತಿದ್ದೆ. ಎಲ್ಲಾ ಆ ಕಡಿಗೆ ಇಟ್ರಿ. 'ಎಲ್ಲಾ ಇಟ್ಟೀನಿ, ನೋಡಿಕೋರಿ' ಅಂದ್ರಿ. ನನಗ ಹೇಳಿದ್ರಿ ಅಂತ ನಾ ಹೂಂ ಅಂದೆ."

ನನಗೆ ಅದರಲ್ಲಿ ಒಂದೂ ನೆನಪಿರಲಿಲ್ಲ. ಇವತ್ತಿಗೂ ಇಲ್ಲ. ಕಂದೀಲಿನ ಗಾಜು ಒಡೆದದ್ದು ನೆನಪಿದೆ, ಬಸ್ಸಿನ ಕಿಟಕಿಯಲ್ಲಿ ಕೂತದ್ದು ನೆನಪಿದೆ. ನಡುವೆ ನಾನು ಆ ಮನೆಯೊಳಗೆ ಹೋಗಿದ್ದೆನಂತೆ, ಯಾರಿಗೋ ಬಹುವಚನ ಹಚ್ಚಿ ಮಾತಾಡಿದ್ದೆನಂತೆ. ಕ್ಯಾಮರಾಮನ್ ಸುಳ್ಳು ಹೇಳುವ ಮನುಷ್ಯನಲ್ಲ. ಅವರಿಗೆ ಹೇಳಿದ ಮಾತಲ್ಲ ಅದು ಎಂಬುದಂತೂ ನನಗೆ ಗೊತ್ತು.

ನಡುವೆ ಒಂದು ಭಾನುವಾರ ರಾಯಚೂರಿಗೆ ಬಂದಾಗ ಅಪ್ಪನಿಗೆ ವಿಷಯ ಬಾಯಿಬಿಟ್ಟೆ. "ಪಂಚಕದ ಮನಿಯೊಳಗ ಹೊಕ್ಕು ಬಂದೀಯೇನೋ? ಅಲ್ಲೇ ನಿಂದ್ರು!" ಎಂದು ಅಂಗಳದಲ್ಲೇ ತಡೆದು ತಲೆಯ ಮೇಲೆ ಬಾವಿ ನೀರು ಸುರಿದರು. ಸುರಿಯುವಾಗ ಮಂತ್ರ ಹೇಳುತ್ತಿದ್ದವರು ನಡುವೆ ನಿಲ್ಲಿಸಿ, "ಸಂಜಿ ದೀಪ ಹಚ್ಲಿಕ್ಕತ್ತೀರಿಲ್ಲೋ?" ಎಂದು ಕೇಳಿದರು. ಹೂಂ ಎಂದೆ. ಮತ್ತೆ ಮಂತ್ರ ಮುಂದುವರಿಸಿದರು.

ಬಡಿಸುವ ದೃಶ್ಯದ ದಿನ ಬಂತು. ಒಲೆಯ ಮುಂದೆ ಕೂತರೆ ಮಾಳಿಗೆಯ ಬೆಳಕಿಂಡಿ ಬಲಕ್ಕೆ ಬರುತ್ತಿತ್ತು. ನಟಿ ಬಲಗೈಯಿಂದ ಬಡಿಸಿದರೆ ಅವರ ತೋಳಿನ ನೆರಳು ತಾಟಿನ ಮೇಲೆಯೇ ಬೀಳುತ್ತಿತ್ತು. ರೊಟ್ಟಿಯೂ ಕಪ್ಪು, ಪಲ್ಲೆಯೂ ಕಪ್ಪು. ನಮ್ಮ ಹತ್ತಿರ ಇದ್ದ ಬಡ ಲೈಟುಗಳು ಆ ನೆರಳನ್ನು ಅಳಿಸುವಂಥವಲ್ಲ. ಕ್ಯಾಮರಾಮನ್ ತಲೆ ಕೆರೆದುಕೊಂಡರು. ನಾನು ಇದೇ ಹೊತ್ತು ಎಂದು ಬಾಯಿ ಹಾಕಿದೆ: "ಎಡಗೈಲೆ ಬಡಸ್ಲಿ. ಈ ಮನಿ ಹಂಗ ಕಟ್ಟೇದ."

"ಹುಚ್ಚು ಹಿಡಿದಿದೆಯಾ? ಎಡಗೈಯಲ್ಲಿ ಯಾರು ಅನ್ನ ಹಾಕುತ್ತಾರೆ? ಜನ ನಗುತ್ತಾರೆ" ಎಂದರು ನಿರ್ದೇಶಕರು.

ನಾನು ಜಗಳಕ್ಕೇ ನಿಂತೆ. ಮಗಳ ಮಾತು ಹೇಳುವ ಹಾಗಿರಲಿಲ್ಲ, ಆದ್ದರಿಂದ ನೆರಳಿನ ಮಾತನ್ನೇ ಹಿಡಿದೆ. ಹೊರಗೆ ಕೊಟ್ಟಿಗೆಯ ಮುಂದೆ ಕೂತಿದ್ದ ಗಂಡನನ್ನು ಕೇಳಿದೆವು, ಬೆಳಕಿಂಡಿ ಅಲ್ಲೇಕೆ ಎಂದು. "ಆಕೀನ ರೀ. ಮಾಳಿಗಿ ಹಾಕೂ ಮುಂದ ಇಲ್ಲೇ ಬಿಡ್ರಿ ಅಂತ ಹಟ ಹಿಡದ್ಲು" ಎಂದ. ಯಾರು ಏನೆಂದರೂ ತನ್ನ ಕೈಗೆ ಬೆಳಕು ಬೀಳುವ ಹಾಗೆ ಆಕೆ ಮನೆ ಕಟ್ಟಿಸಿಕೊಂಡಿದ್ದಳು. ನಟಿಯೇ ನಡುವೆ ಬಂದು, "ನಾ ಕಲೀತೀನಿ ಬಿಡ್ರಿ" ಎಂದರು. ಆ ಮಧ್ಯಾಹ್ನವೆಲ್ಲ ಎಡಗೈಯಲ್ಲಿ ಸೌಟು ಹಿಡಿದು ಖಾಲಿ ತಾಟಿಗೆ ಬಡಿಸಿ ಬಡಿಸಿ ಅಭ್ಯಾಸ ಮಾಡಿದರು.

ಮರುದಿನ ಬೆಳಿಗ್ಗೆ ಬೆಳಕು ಸರಿಯಾಗಿ ಬಂದಾಗ, ಕೊಡ ಡಬ್ಬಿ ಎಲ್ಲ ಎಡಕ್ಕೇ ಬಿಟ್ಟು ಶಾಟ್ ತೆಗೆದೆವು. ನಾನು ಬೇಕೆಂದೇ ಎದುರು ಬಾಗಿಲು ತೆರೆದಿಟ್ಟಿದ್ದೆ. ಪಡಸಾಲೆ ದಾಟಿ, ಬೀದಿ ದಾಟಿ, ಕೊಟ್ಟಿಗೆಯ ಕಂಬ ಹಿಡಿದು ಮಗಳು ನಿಂತಿದ್ದಳು. ಅಷ್ಟು ದೂರದಿಂದ ಏನು ಕಂಡಿತೋ. ಶಾಟ್ ಮುಗಿದಾಗ ಆಕೆ ಅಲ್ಲಿ ಇರಲಿಲ್ಲ.

ಯುಗಾದಿಗೆ ಅವರು ಶಾಂತಿ ಮಾಡಿಸಿ ಮನೆ ಹೊಕ್ಕರು. ಪದ್ಧತಿಯಂತೆ ಮೂಲೆ ಮೂಲೆಗೂ ಸುಣ್ಣ ಬಳಿದರು, ಕಣಜಕ್ಕೂ ಬಳಿದರು. ಆಮೇಲೆ ಒಂದು ಸಲ ಎರವಲು ಸಾಮಾನು ಮುಟ್ಟಿಸಲು ಹೋದಾಗ ನೋಡಿದೆ. ಕೈಗಳು ಒಂದೂ ಉಳಿದಿರಲಿಲ್ಲ. ಮನೆಯಾತನಿಗೆ ರೊಟ್ಟಿ ಮಾಡಲು ಯಾರೋ ಸಂಬಂಧಿಕರು ಬಂದಿದ್ದರು, ಕೊಡ ಬಲಕ್ಕೆ ಬಂದಿತ್ತು. ಮಗಳು ಮಾನ್ವಿಗೆ ಹೋಗಿಯಾಗಿತ್ತು. ಆ ಅಡುಗೆಮನೆ ಇನ್ನು ಸಿನಿಮಾದಲ್ಲಿ ಬಿಟ್ಟರೆ ಎಲ್ಲೂ ಇಲ್ಲ ಎಂದು ಅವತ್ತು ನನಗೆ ಹೊಳೆಯಿತು. ಬಸ್ಸಿನಲ್ಲಿ ಬರುವಾಗ ಬಹಳ ಸಂಕಟವಾಯಿತು.

ಸಿನಿಮಾ ಮುಗಿಯಿತು, ಒಂದಿಷ್ಟು ಹೊಗಳಿಕೆಯೂ ಬಂತು. ಮೊದಲ ಶಾಟುಗಳಲ್ಲಿ ಬಲಕ್ಕಿದ್ದ ಕೊಡ ಕೊನೆಗೆ ಎಡಕ್ಕೆ ಹಾರುತ್ತದಲ್ಲ, ಅದು ಹೆಣ್ಣಿನ ಅಂತರಂಗದ ಪಲ್ಲಟ ಎಂದು ಬೆಂಗಳೂರಿನ ಒಬ್ಬ ವಿಮರ್ಶಕರು ಬರೆದರು. ಓದಿ ನಾನೂ ಕ್ಯಾಮರಾಮನ್ನರೂ ಹೊಟ್ಟೆ ಹುಣ್ಣಾಗುವಷ್ಟು ನಕ್ಕೆವು. ಆದರೆ ಥಿಯೇಟರು ಸಿಗಲಿಲ್ಲ. ಎಂಬತ್ತರ ದಶಕ ಶುರುವಾಗಿ ಎಷ್ಟೋ ದಿನವಾದ ಮೇಲೆ ನಾನು ಮಾನ್ವಿಯ ಟಾಕೀಸಿನ ಮಾಲೀಕರ ಬೆನ್ನು ಬಿದ್ದು, ಹಳೆಯ ಬೋರ್ಡುಗಳ ಗೆಳೆತನ ನೆನಪಿಸಿ, ಒಂದು ಭಾನುವಾರದ ಬೆಳಗಿನ ಆಟಕ್ಕೆ ಒಪ್ಪಿಸಿದೆ. "ಹಾಡಿಲ್ಲ ಅಂದ್ರ ಮಂದಿ ಕುರ್ಚಿ ಮುರೀತಾರ, ನಿಮ್ಮ ಮ್ಯಾಲ ಹಾಕ್ತೀನಿ ನೋಡ್ರಿ" ಎಂದು ಹೇಳಿಯೇ ಒಪ್ಪಿದರು.

ಮಗಳ ಮನೆ ಹುಡುಕಿಕೊಂಡು ಹೋಗಿ ಹೇಳಿದೆ. ಆಕೆಯ ಅತ್ತೆ ಪಡಸಾಲೆಯಲ್ಲಿ ಕೂತಿದ್ದಳು, ಮದುವೆಯಲ್ಲಿ ಕಿವಿಯಲ್ಲಿ ಹೇಳಿದ ಅದೇ ಅತ್ತೆ. "ಬೀಗರ ಮನಿ ಸಿನಿಮಾದಾಗ ಬಂದದಂತ? ಹಂಗಾರ ಎಲ್ಲಾರೂ ಬರ್ತೀವಿ" ಎಂದಳು. ಮಗಳು ನನ್ನನ್ನು ಒಂದು ಸಲ ನೋಡಿ ತಲೆ ತಗ್ಗಿಸಿದಳು.

ಅವತ್ತು ಟಾಕೀಸು ಸಾಕಷ್ಟು ತುಂಬಿತ್ತು, ತಮ್ಮ ಕಡೆಯ ಸಿನಿಮಾ ಎಂಬ ಕುತೂಹಲಕ್ಕೆ. ಹೆಂಗಸರ ಕಡೆ ಅತ್ತೆ, ಸೊಸೆ, ಓಣಿಯ ಐದಾರು ಮಂದಿ. ಗಂಡಸರ ಕಡೆ ಮಾವ, ಗಂಡ. ನಾನು ಹಿಂದೆ ಬಾಗಿಲ ಹತ್ತಿರ ನಿಂತಿದ್ದೆ. ಅರ್ಧದ ತನಕ ಮಂದಿ ಹೇಗೋ ತಡೆದುಕೊಂಡರು. ಆಮೇಲೆ ಆಕಳಿಕೆ, ಶಿಳ್ಳೆ, "ಏ, ಯಾರರ ಮಾತಾಡ್ರಲೇ" ಎಂಬ ಕೂಗು. ಕೊನೆಗೆ ಗಂಡ ಬಂದು ಕೂತ. ಹೆಂಡತಿ ತಾಟು ಇಟ್ಟಳು. ಬೆಳಕಿಂಡಿಯ ಬೆಳಕಿನಲ್ಲಿ ಆ ಎಡಗೈ ರೊಟ್ಟಿ ಇಟ್ಟಿತು, ಪಲ್ಲೆಗೆ ಸೌಟು ಹಿಡಿಯಿತು.

"ಏ, ರೀಲ್ ಉಲ್ಟಾ ಹಾಕ್ಯಾನಲೇ!" ಎಂದು ಮುಂದಿನ ಬೆಂಚಿನಿಂದ ಒಬ್ಬ ಕೂಗಿದ. ಟಾಕೀಸಿಗೆ ಟಾಕೀಸೇ ನಕ್ಕಿತು. "ಹೌದಲೇ, ಎಡಗೈಲೆ ಬಡಸಾಕತ್ಯಾಳ! ಸರಿ ಮಾಡೋ ಆಪರೇಟರ್!" ಬೆಂಚು ಬಡಿದರು, ಕಾಲು ಬಡಿದರು. ಮೇಲಿನವನು ನಿಜಕ್ಕೂ ತನ್ನದೇ ತಪ್ಪು ಎಂದು ಹೆದರಿರಬೇಕು, ಮಷೀನು ನಿಲ್ಲಿಸಿಬಿಟ್ಟ. ದೀಪ ಹತ್ತಿತು. ಮದುವೆಯ ದಿನ ನಡೆದದ್ದೇ ಮತ್ತೆ ನಡೆಯುತ್ತಿದೆ, ಆ ಅವ್ವನನ್ನು ಎಳೆದುತಂದು ಎಲ್ಲರ ಮುಂದೆ ಕೂರಿಸಿದವನು ನಾನೇ ಎನ್ನಿಸಿತು.

ಹೆಂಗಸರ ಕಡೆಯಿಂದ ಮಗಳು ಎದ್ದು ನಿಂತಳು. ಪಕ್ಕದಲ್ಲಿದ್ದ ಅತ್ತೆ ಸೆರಗು ಜಗ್ಗಿದಳು, ಈಕೆ ಬಿಡಿಸಿಕೊಂಡಳು.

"ರೀಲ್ ಸರಿ ಅದ," ಎಂದಳು. ದೊಡ್ಡ ದನಿ ಅಲ್ಲ, ಆದರೆ ಎಲ್ಲರಿಗೂ ಕೇಳಿಸಿತು. "ನಮ್ಮವ್ವ ಬಡಸಾಕತ್ಯಾಳ. ಹಾಕ್ರಿ."

ಯಾರೂ ನಗಲಿಲ್ಲ. ಮಾವ ಕೂತಲ್ಲಿಂದ ತಿರುಗಿ ಸೊಸೆಯನ್ನು ನೋಡಿ, ಮತ್ತೆ ಪರದೆಯ ಕಡೆ ಮುಖ ಮಾಡಿದ. ದೀಪ ಆರಿತು, ಮಷೀನು ಸದ್ದು ಮಾಡಿತು, ಎಡಗೈ ನಿಂತಲ್ಲಿಂದ ಮುಂದುವರಿಯಿತು. ಪಲ್ಲೆ ಬಡಿಸಿತು, ಒಂದು ಹನಿ ತಾಟಿನ ಹೊರಗೆ ಚೆಲ್ಲದೆ ಮಜ್ಜಿಗೆ ಹಾಕಿತು. ಪರದೆಯ ಮೇಲೆ ಅವನು ಉಂಡು ಮುಗಿಸುವ ತನಕ ಮಗಳು ಕೂಡಲಿಲ್ಲ. ಬೀಗರು ಉಣ್ಣುವಾಗ ಮನೆಯವರು ನಿಂತಿರುವ ಹಾಗೆ, ಕತ್ತಲಲ್ಲಿ ನಿಂತೇ ಇದ್ದಳು.